ಅದಕ್ಕೇನು ಬೇಕಂತೆ?

ಹೆದರಿಕೆ ಎನ್ನುವುದು ಮನುಷ್ಯನೊಳಗೆ ಕಣ್ಣಿನಿಂದ ಇಳಿಯುವುದಕ್ಕಿಂತ ಕಿವಿಯಿಂದ ಇಳಿಯುವುದೇ ಹೆಚ್ಚು. ಕಣ್ಣಿಗೆ ರೆಪ್ಪೆಯಿದೆ, ಬೇಡವೆನಿಸಿದರೆ ಮುಚ್ಚಿಕೊಳ್ಳಬಹುದು. ಕಿವಿಗೆ ಅಂಥ ಬಾಗಿಲನ್ನು ಪ್ರಕೃತಿ ಇಟ್ಟಿಲ್ಲ. ಮನೆಯವರೆಲ್ಲ ಮಲಗಿದ ಮೇಲೂ ಅದೊಂದು ಎಚ್ಚರವಾಗಿಯೇ ಇರುತ್ತದೆ. ಹೆಂಚಿನ ಮೇಲೆ ಬೆಕ್ಕು ನಡೆದರೆ, ಹಿತ್ತಲಲ್ಲಿ ತೆಂಗಿನ ಗರಿ ಬಿದ್ದರೆ ಮೊದಲು ಎದ್ದು ಕೂರುವುದು ಕಿವಿ. ಉಳಿದ ದೇಹ ಆಮೇಲೆ.

1990ರ ದಶಕದಲ್ಲಿ ಬೆಂಗಳೂರಿನಲ್ಲೂ ಕರ್ನಾಟಕದ ಬೇರೆ ಊರುಗಳಲ್ಲೂ ಮನೆಗಳ ಬಾಗಿಲ ಮೇಲೆ 'ನಾಳೆ ಬಾ' ಎಂದು ಬರೆದಿರುತ್ತಿದ್ದುದನ್ನು ಕಂಡವರು ಈಗಲೂ ಬೇಕಾದಷ್ಟು ಮಂದಿ ಇದ್ದಾರೆ. ರಾತ್ರಿ ಹೊತ್ತು ಹೆಣ್ಣು ದೆವ್ವವೊಂದು ಬೀದಿ ಬೀದಿ ಅಲೆಯುತ್ತದೆ, ಬಾಗಿಲು ತಟ್ಟಿ ಮನೆಯವರದೇ ದನಿಯಲ್ಲಿ ಕರೆಯುತ್ತದೆ, ತೆರೆದವರ ಕಥೆ ಮುಗಿಯಿತು ಎಂದು ಸುದ್ದಿ. ಬರಹ ಕಂಡರೆ ದೆವ್ವ ಮರ್ಯಾದೆಯಿಂದ ಹಿಂತಿರುಗಿ ಮರುದಿನ ಬರುತ್ತದೆ, ಮತ್ತೆ ಅದೇ ಬರಹ ಓದಿ ಮತ್ತೆ ಹಿಂತಿರುಗುತ್ತದೆ. ಕನ್ನಡ ಓದು ಬರಹ ಬಲ್ಲ, ಹೇಳಿದ ಮಾತು ಕೇಳುವ ದೆವ್ವ. ಇವತ್ತು ನಗು ಬರುತ್ತದೆ, ಸರಿ. ಆದರೆ ಆ ದೆವ್ವಕ್ಕೆ ಕೋರೆಹಲ್ಲಿರಲಿಲ್ಲ, ಬಿಚ್ಚುಗೂದಲಿರಲಿಲ್ಲ. ಕಂಡವರು ಯಾರೂ ಇರಲಿಲ್ಲವಾದ್ದರಿಂದ ರೂಪವೇ ಇರಲಿಲ್ಲ. ಇದ್ದುದು ದನಿ ಮಾತ್ರ, ಅದೂ ಅಮ್ಮನದೋ ಅಕ್ಕನದೋ ದನಿ. ಊರಿಗೆ ಊರೇ ಚಿಲಕ ಹಾಕಿಕೊಳ್ಳಲು ಅಷ್ಟೇ ಸಾಕಾಯಿತು. 2018ರಲ್ಲಿ ಹಿಂದಿಯ 'ಸ್ತ್ರೀ' ಚಿತ್ರ ಇದೇ ಬಗೆಯ ಕಥೆಯನ್ನು ಮಧ್ಯಪ್ರದೇಶದ ಚಂದೇರಿಯಲ್ಲಿಟ್ಟು ಹೇಳಿತು. ಗೋಡೆಯ ಬರಹ ಹಿಂದಿಯಾಯಿತು. ದೆವ್ವ ಅದನ್ನೂ ಓದಿಕೊಂಡಿತು.

ದನಿಯಿಂದ ಹೆದರಿಸುವ ಈ ವಿದ್ಯೆಯನ್ನು ಚೆನ್ನಾಗಿ ಕಲಿತ ಚಿತ್ರಗಳಲ್ಲಿ ಮೊದಲ ಸಾಲಿನಲ್ಲಿ ನಿಲ್ಲುವುದು 'ದಿ ಎಕ್ಸಾರ್ಸಿಸ್ಟ್'. ವಿಲಿಯಂ ಪೀಟರ್ ಬ್ಲಾಟಿ 1971ರಲ್ಲಿ ಬರೆದ ಕಾದಂಬರಿಯನ್ನು ವಿಲಿಯಂ ಫ್ರೀಡ್ಕಿನ್ ತೆರೆಗೆ ತಂದದ್ದು 1973ರ ಡಿಸೆಂಬರಿನಲ್ಲಿ. ಹತ್ತು ಆಸ್ಕರ್ ನಾಮಕರಣಗಳಲ್ಲಿ ಅದು ಗೆದ್ದದ್ದು ಎರಡನ್ನು: ಒಂದು ಚಿತ್ರಕಥೆಗೆ, ಇನ್ನೊಂದು ಶಬ್ದಕ್ಕೆ. ಶಬ್ದಕ್ಕೆ ಸಂದದ್ದು ಆಕಸ್ಮಿಕವಲ್ಲ. ಈ ಚಿತ್ರ ಬೆಂಗಳೂರಿನ ಒಂದು ಮನೆಯ ನಡುಮನೆಗೆ ಬಂದಾಗ ಏನಾಯಿತು, ಅದರ ಬೆನ್ನಿಗೇ ಅದೇ ಬಗೆಯ ಹಿಂದಿ ಚಿತ್ರ ಬಂದಾಗ ಏನಾಯಿತು ಎನ್ನುವುದು ಇಲ್ಲಿನ ವಿಷಯ.

ಮನೆಯಲ್ಲಿ ಐದು ಜನ. ಎಪ್ಪತ್ತಾರರ ಅಜ್ಜಿ, ಬ್ಯಾಂಕಿನ ನೌಕರಿಯಿಂದ ನಿವೃತ್ತಿಗೆ ಮೂರು ವರ್ಷ ಬಾಕಿಯಿರುವ ಮಗ, ಸೊಸೆ, ಎಂಜಿನಿಯರಿಂಗ್ ಕೊನೆಯ ವರ್ಷದ ಮೊಮ್ಮಗ, ಪಿಯುಸಿ ಓದುವ ಮೊಮ್ಮಗಳು. ಹಾಸ್ಟೆಲಿನಿಂದ ರಜಕ್ಕೆ ಬಂದ ಮೊಮ್ಮಗ ಈ ಚಿತ್ರವನ್ನು ಎರಡು ಸಲ ನೋಡಿದ್ದ. ಮೂರನೆಯ ಸಲ ಮನೆಯವರನ್ನೆಲ್ಲ ಕೂರಿಸಿ ತೋರಿಸಬೇಕೆಂದು ಅವನ ಹಟ. ಹೆದರುವುದಕ್ಕಿಂತ ಹೆದರಿಸುವುದರಲ್ಲಿ ಸುಖ ಹೆಚ್ಚು ಎಂಬುದು ಆ ವಯಸ್ಸಿನ ಧರ್ಮ.

"ಎಕ್ಸಾರ್ಸಿಸ್ಟ್ ಅಂದ್ರೆ ಏನೋ?" ಎಂದು ಅಜ್ಜಿ ಕೇಳಿದರು.

"ದೆವ್ವ ಬಿಡಿಸೋನು ಅಜ್ಜಿ."

"ಓ, ಮಂತ್ರವಾದಿ," ಎಂದು ಅಜ್ಜಿ ಕನ್ನಡಕ ಒರೆಸಿಕೊಂಡು ಕುರ್ಚಿಯನ್ನು ಮುಂದಕ್ಕೆ ಎಳೆದುಕೊಂಡರು. ಮಂತ್ರವಾದಿಗಳ ವಿಷಯ ಅವರಿಗೆ ಹೊಸದಲ್ಲ.

ಮನೆಯಲ್ಲಿ ದೆವ್ವದ ಸಿನಿಮಾ ನೋಡುವುದು ಚಿತ್ರಮಂದಿರದಲ್ಲಿ ನೋಡಿದಂತಲ್ಲ. ಚಿತ್ರಮಂದಿರದಲ್ಲಿ ಕತ್ತಲೆಯೂ ಅಪರಿಚಿತರೂ ಸೇರಿ ಅರ್ಧ ಕೆಲಸ ಮಾಡಿಕೊಡುತ್ತಾರೆ. ಮನೆಯಲ್ಲಿ ದೀಪ ಆರಿಸಿದರೆ "ಕಣ್ಣು ಹಾಳಾಗುತ್ತೆ" ಎಂದು ಒಬ್ಬರು ಹಾಕುತ್ತಾರೆ. ಇರಾಕಿನ ಉತ್ತರದ ಬಿಸಿಲಿನಲ್ಲಿ ಮುದಿ ಪಾದ್ರಿ ಉತ್ಖನನದ ಗುಂಡಿಯಿಂದ ವಿಕಾರ ಮುಖವೊಂದನ್ನು ಎತ್ತುವ ಹೊತ್ತಿಗೆ ಅಡುಗೆ ಮನೆಯಲ್ಲಿ ಕುಕ್ಕರ್ ಮೂರನೆಯ ಸೀಟಿ ಹಾಕಿತು. ವಾಷಿಂಗ್ಟನ್ನಿನ ಜಾರ್ಜ್‌ಟೌನಿನಲ್ಲಿ ಸಿನಿಮಾ ನಟಿಯೊಬ್ಬಳ ಮನೆಯ ಅಟ್ಟದಲ್ಲಿ ಸದ್ದು ಕೇಳಿದಾಗ "ಇಲಿ ಇರಬೇಕು" ಎಂದರು ಸೊಸೆ. ತೆರೆಯ ಮೇಲಿನ ತಾಯಿಯೂ ಅದನ್ನೇ ಅಂದುಕೊಂಡಿದ್ದಳು.

ಅಜ್ಜಿಗೆ ಇಂಗ್ಲಿಷ್ ಅಷ್ಟಾಗಿ ಬಾರದು. ಮೊಮ್ಮಗನಿಗೆ ಸಿಕ್ಕಿದ್ದ ಪ್ರತಿಯಲ್ಲಿ ಕನ್ನಡ ಇರಲಿಲ್ಲ. ಹಾಗಾಗಿ ತೆರೆಯ ಕೆಳಗೆ ಬರುವ ಇಂಗ್ಲಿಷ್ ಸಾಲುಗಳನ್ನು ಓದಿ ಕನ್ನಡದಲ್ಲಿ ಹೇಳುವ ಕೆಲಸ ಮೊಮ್ಮಗಳ ಪಾಲಿಗೆ ಬಂತು. ಇದರಿಂದ ಒಂದು ವಿಚಿತ್ರ ನಡೆಯಿತು. ದೃಶ್ಯ ಬಂದು, ಮಾತು ಬಂದು, ಮಾತಿನ ಅನುವಾದ ಬಂದು, ಅಜ್ಜಿ ಹೆದರಬೇಕಾದ ಹೊತ್ತಿಗೆ ತೆರೆಯ ಮೇಲೆ ಬೆಳಗಾಗಿರುತ್ತಿತ್ತು. ಭಯವೂ ಕಂತಿನಲ್ಲಿ ಬಂದರೆ ತಡೆದುಕೊಳ್ಳಬಹುದು.

ಹನ್ನೆರಡು ವರ್ಷದ ರೀಗನ್ ಎಂಬ ಆ ಹುಡುಗಿಯ ಬಾಯಿಂದ ದೆವ್ವ ಮಾತನಾಡತೊಡಗಿದಾಗ ಅನುವಾದಕ್ಕೆ ಬೇರೆಯೇ ತೊಡಕು ಎದುರಾಯಿತು.

"ಏನಂತೆ ಅದು?"

"ಬೈತಾ ಇದೆ ಅಜ್ಜಿ."

"ಏನಂತ ಬೈತಿದೆ?"

"ಕೆಟ್ಟದಾಗಿ."

"ಎಷ್ಟು ಕೆಟ್ಟದಾಗಿ?"

"ತುಂಬಾ."

ಮಗ ಫ್ಯಾನು ನೋಡುತ್ತಿದ್ದರು. ಮೊದಲೇ ನೋಡಿ ತಿಳಿದಿದ್ದ ಮೊಮ್ಮಗ ಒಂದೆರಡು ಕಡೆ ರಿಮೋಟ್ ಒತ್ತಿ ಚಿತ್ರವನ್ನು ಮುಂದಕ್ಕೆ ಓಡಿಸಿದ. ಹಸಿರು ವಾಂತಿಯ ದೃಶ್ಯದಲ್ಲಿ ಎಲ್ಲರೂ ಮುಖ ತಿರುಗಿಸಿದಾಗ, ಅದು ಬಟಾಣಿ ಸೂಪು ಎಂದು ಸಮಾಧಾನ ಹೇಳಿದವನೂ ಅವನೇ. ಸೊಸೆ ಅವನ ಮುಖ ನೋಡಿದರು. ಆ ರಾತ್ರಿಗೆ ಚಪಾತಿಯ ಜೊತೆ ಅವರು ಮಾಡಿಟ್ಟಿದ್ದುದು ಬಟಾಣಿ ಸಾಗು.

ಇಷ್ಟೆಲ್ಲ ನಗೆಪಾಟಲಿನ ನಡುವೆಯೂ ಒಂದು ಕ್ಷಣ ಮಾತ್ರ ಆ ಮನೆಯಲ್ಲಿ ಯಾರೂ ನಗಲಿಲ್ಲ. ಅದು ಹುಡುಗಿಯ ಕತ್ತು ತಿರುಗಿದಾಗ ಅಲ್ಲ, ಮಂಚ ಕುಣಿದಾಗಲೂ ಅಲ್ಲ. ಆ ಸಣ್ಣ ಗಂಟಲಿನಿಂದ ಒರಟು, ಒಡೆದ, ಗೊರಗೊರ ದನಿ ಮೊದಲ ಸಲ ಹೊರಬಿದ್ದಾಗ. ಅನುವಾದಕ್ಕೆ ಕಾಯದೆ ಅಜ್ಜಿ ಸೆರಗು ಬಿಗಿಹಿಡಿದದ್ದು ಆಗ ಮಾತ್ರ.

ಇದರಲ್ಲಿ ದೇಹಶಾಸ್ತ್ರದ ಸಂಗತಿಯೊಂದಿದೆ. ಗಂಟಲಿನ ಧ್ವನಿಪೆಟ್ಟಿಗೆಯೊಳಗಿನ ಎರಡು ಸಣ್ಣ ಮಡಿಕೆಗಳು ಕಂಪಿಸಿದಾಗ ದನಿ ಹುಟ್ಟುತ್ತದೆ. ವಯಸ್ಕ ಗಂಡಸಿನಲ್ಲಿ ಅವು ಉದ್ದ, ದಪ್ಪ. ಸೆಕೆಂಡಿಗೆ ಸುಮಾರು ನೂರರಿಂದ ನೂರಮೂವತ್ತು ಸಲ ಕಂಪಿಸುತ್ತವೆ. ಹೆಂಗಸಿನಲ್ಲಿ ಇನ್ನೂರರ ಆಸುಪಾಸು. ಮಕ್ಕಳಲ್ಲಿ ಅದಕ್ಕೂ ಹೆಚ್ಚು. ತಂಬೂರಿಯ ತಂತಿಯ ಲೆಕ್ಕವೇ ಇಲ್ಲೂ: ಗಿಡ್ಡ ತಂತಿಗೆ ಎತ್ತರದ ಶ್ರುತಿ. ಇದನ್ನು ಯಾರೂ ಪಾಠ ಮಾಡದಿದ್ದರೂ ಮಿದುಳಿಗೆ ಗೊತ್ತು. ಮೈ ನೋಡಿದ ಕೂಡಲೇ ಅದು ದನಿಯನ್ನು ಅಂದಾಜು ಮಾಡಿಟ್ಟುಕೊಳ್ಳುತ್ತದೆ. ಅಂದಾಜು ತಪ್ಪಿದಾಗ ಕೂದಲ ಬುಡದ ಪುಟ್ಟ ಸ್ನಾಯುಗಳು ಬಿಗಿಯುತ್ತವೆ, ಮೈ ಜುಮ್ಮೆನ್ನುತ್ತದೆ.

ಹ್ಯಾರಿ ಮ್ಯಾಕ್‌ಗರ್ಕ್ ಮತ್ತು ಜಾನ್ ಮ್ಯಾಕ್‌ಡೊನಾಲ್ಡ್ ಎಂಬ ಇಬ್ಬರು ಮನೋವಿಜ್ಞಾನಿಗಳು 1976ರಲ್ಲಿ ಒಂದು ಪ್ರಯೋಗ ಪ್ರಕಟಿಸಿದರು. ತೆರೆಯ ಮೇಲೆ ಒಬ್ಬರ ತುಟಿ 'ಗ' ಎನ್ನುತ್ತಿದೆ; ಅದಕ್ಕೆ ಜೋಡಿಸಿದ ಧ್ವನಿ 'ಬ' ಎನ್ನುತ್ತಿದೆ. ನೋಡುತ್ತ ಕೇಳಿದವರಿಗೆ ಬಹುಮಟ್ಟಿಗೆ ಕೇಳಿಸಿದ್ದು ಗ ಅಲ್ಲ, ಬ ಅಲ್ಲ, 'ದ'! ಕಣ್ಣೂ ಕಿವಿಯೂ ಜಗಳವಾಡಿದರೆ ಮಿದುಳು ರಾಜಿ ಮಾಡಿಸುತ್ತದೆ. ರಾಜಿಗೆ ಬರಲಾಗದಷ್ಟು ದೂರ ಅವೆರಡನ್ನೂ ಎಳೆದರೆ ಹುಟ್ಟುವುದೇ ಆ ಚಿತ್ರದ ಭಯ.

ಹುಡುಗಿಯ ಪಾತ್ರ ಮಾಡಿದವಳು ಲಿಂಡಾ ಬ್ಲೇರ್. ದೆವ್ವದ ದನಿ ಮರ್ಸಿಡಿಸ್ ಮ್ಯಾಕ್‌ಕ್ಯಾಂಬ್ರಿಜ್ ಎಂಬ ಹಿರಿಯ ನಟಿಯದು. ರೇಡಿಯೋ ನಾಟಕಗಳಲ್ಲಿ ಪಳಗಿದಾಕೆ. 'ಆಲ್ ದಿ ಕಿಂಗ್ಸ್ ಮೆನ್' ಚಿತ್ರದ ಪೋಷಕ ಪಾತ್ರಕ್ಕೆ ಆಸ್ಕರ್ ಪಡೆದಾಕೆ. ದೆವ್ವದ ದನಿಗಾಗಿ ಆಕೆ ಹಸಿ ಮೊಟ್ಟೆ ನುಂಗಿದರು, ಸಿಗರೇಟಿನ ಮೇಲೆ ಸಿಗರೇಟು ಸೇದಿದರು, ಬಿಟ್ಟಿದ್ದ ಮದ್ಯವನ್ನು ಮತ್ತೆ ಮುಟ್ಟಿದರು. ಇಷ್ಟಾದರೂ ಚಿತ್ರ ಬಿಡುಗಡೆಯಾದಾಗ ತೆರೆಯ ಮೇಲೆ ಆಕೆಯ ಹೆಸರಿರಲಿಲ್ಲ. ಆಕೆ ಜಗಳವಾಡಿದ ಮೇಲೆ ಸೇರಿತು. ಮೂಲ ಇಂಗ್ಲಿಷ್ ಚಿತ್ರವೇ ಹೀಗೆ ಡಬ್ ಆದ ಚಿತ್ರ. ಯೋಚಿಸಿದರೆ, ಮೈಮೇಲೆ ಬರುವುದು ಎಂದರೂ ಡಬ್ಬಿಂಗ್ ಎಂದರೂ ವ್ಯವಹಾರ ಒಂದೇ: ಬಾಯಿ ಒಬ್ಬರದು, ಮಾತು ಇನ್ನೊಬ್ಬರದು.

ಕನ್ನಡಕ್ಕೆ ಬೇರೆ ಭಾಷೆಯ ಚಿತ್ರಗಳು ಡಬ್ ಆಗುವುದನ್ನು 1960ರ ದಶಕದಿಂದ ಚಿತ್ರೋದ್ಯಮ ವಿರೋಧಿಸುತ್ತ ಬಂತು. ಇಲ್ಲಿನ ಕಲಾವಿದರ, ಕಾರ್ಮಿಕರ ಅನ್ನದ ಪ್ರಶ್ನೆ ಅದರ ಹಿಂದಿತ್ತು. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಆ ಅಡ್ಡಿಯ ವಿರುದ್ಧ ಆದೇಶ ಕೊಟ್ಟಿತು. ಮುಚ್ಚಿದ ಬಾಗಿಲು ನಿಧಾನವಾಗಿ ತೆರೆಯಿತು. ನಡುವಿನ ಅರ್ಧ ಶತಮಾನದಲ್ಲಿ ಹೊರಗಿನ ದೆವ್ವಗಳನ್ನು ಕನ್ನಡದವರು ಇಂಗ್ಲಿಷಿನಲ್ಲೋ ಹಿಂದಿಯಲ್ಲೋ, ಇಲ್ಲವೇ ಹೀಗೆ ಮೊಮ್ಮಗಳ ಬಾಯಿಂದಲೋ ಕೇಳಿಕೊಂಡರು.

ಚಿತ್ರ ಮುಗಿಯಿತು. ಪಾದ್ರಿಗಳಿಬ್ಬರೂ ಸತ್ತರು, ಹುಡುಗಿ ಉಳಿದಳು. ಮೊಮ್ಮಗ ಹೆಮ್ಮೆಯಿಂದ, "ಹೆಂಗಿತ್ತು ಅಜ್ಜಿ?" ಎಂದ. ಅಜ್ಜಿಗೆ ತೃಪ್ತಿಯಾಗಿರಲಿಲ್ಲ.

"ಎಲ್ಲ ಸರಿ ಕಣೋ. ಅದಕ್ಕೇನು ಬೇಕಂತೆ?"

"ಯಾವುದಕ್ಕೆ?"

"ದೆವ್ವಕ್ಕೆ. ಅಷ್ಟು ದೂರದಿಂದ ಬಂದಿದೆ. ಆ ಮಗು ಅದಕ್ಕೇನು ಮಾಡಿತ್ತು? ಅದರ ಮನೆಯೋರು ಏನು ಮಾಡಿದ್ರು? ಆ ಪಾದ್ರಿ ನೀರು ಚಿಮುಕಿಸಿ ಹೋಗು ಹೋಗು ಅಂದನೇ ಹೊರತು, ಏನು ಬೇಕು ನಿಂಗೆ ಅಂತ ಒಂದು ಮಾತು ಕೇಳಲಿಲ್ವಲ್ಲ."

ಮೊಮ್ಮಗನ ಹತ್ತಿರ ಉತ್ತರವಿರಲಿಲ್ಲ. ಅಜ್ಜಿಗೆ ತಿಳಿಯದಿದ್ದ ಸಂಗತಿಯೆಂದರೆ, ಸರಿಸುಮಾರು ಇದೇ ಪ್ರಶ್ನೆಯ ಮೇಲೆ ಆ ಚಿತ್ರದ ಲೇಖಕನಿಗೂ ನಿರ್ದೇಶಕನಿಗೂ ಭಿನ್ನಾಭಿಪ್ರಾಯವಿತ್ತು. ಮಂತ್ರದ ನಡುವೆ ಸುಸ್ತಾದ ಪಾದ್ರಿಗಳು ಮೆಟ್ಟಿಲ ಮೇಲೆ ಕೂತು, ಇಷ್ಟು ಮಂದಿಯಲ್ಲಿ ಈ ಹುಡುಗಿಯೇ ಯಾಕೆ ಎಂದು ಮಾತನಾಡುವ ದೃಶ್ಯವೊಂದನ್ನು ಬ್ಲಾಟಿ ಬರೆದಿದ್ದರು. ನೋಡುವವರು ತಮ್ಮ ಮೇಲೆ ತಾವೇ ನಂಬಿಕೆ ಕಳೆದುಕೊಳ್ಳಲಿ, ಮನುಷ್ಯನೆಂದರೆ ಬರೀ ಹೊಲಸು ಎಂದುಕೊಳ್ಳಲಿ ಎಂಬುದೇ ದೆವ್ವದ ಉದ್ದೇಶ ಎಂದು ಹಿರಿಯ ಪಾದ್ರಿ ಹೇಳುವ ದೃಶ್ಯ ಅದು. 1973ರ ಚಿತ್ರದಲ್ಲಿ ಫ್ರೀಡ್ಕಿನ್ ಅದನ್ನು ಕತ್ತರಿಸಿದರು. 2000ದಲ್ಲಿ ಮರುಬಿಡುಗಡೆಯಾದ ಆವೃತ್ತಿಯಲ್ಲಿ ಅದು ಮರಳಿ ಸೇರಿತು. ಆ ಮನೆಯವರು ನೋಡಿದ್ದು ಮೊದಲಿನದನ್ನು. ಉತ್ತರ ಇಲ್ಲದಿರುವುದೇ ಹೆಚ್ಚು ಭಯಂಕರ ಎಂದು ನಿರ್ದೇಶಕನ ಪರವಾಗಿ ವಾದಿಸಬಹುದು. ಹಾಗಂದರೆ ಅಜ್ಜಿ ಒಪ್ಪುವವರಲ್ಲ.

ಒಪ್ಪದಿರುವುದಕ್ಕೆ ಕಾರಣವಿದೆ. ಹಳ್ಳಿಯಲ್ಲಿ ಹುಟ್ಟಿ ಬೆಳೆದವರು ಅವರು. ಯಾರ ಮೈಮೇಲಾದರೂ ಬಂತೆಂದರೆ ಅಲ್ಲಿ ಮೊದಲು ಕೇಳುವುದೇ ಮೂರು ಪ್ರಶ್ನೆ: ಯಾರು ನೀನು? ಯಾವೂರು? ಏನು ಬೇಕು? ಉತ್ತರಗಳು ಬರುತ್ತಿದ್ದವು. ಒಂದಕ್ಕೆ ಹಸಿರು ಸೀರೆ ಬೇಕು, ಒಂದಕ್ಕೆ ಎಡೆ ಬೇಕು, ಒಂದಕ್ಕೆ ಗಂಡ ಕುಡಿಯುವುದನ್ನು ಬಿಡಬೇಕು. ವಿಜ್ಞಾನ ಓದಿದವರು ಅದರಲ್ಲಿ ದೆವ್ವವನ್ನು ಕಾಣಲಾರರು. ಬಾಯಿಬಿಟ್ಟು ಕೇಳಲಾರದ ಹೆಣ್ಣುಮಗಳನ್ನು ಕಾಣಬಹುದು. ಸೊಸೆ ಕೇಳಿದರೆ ಸಿಗದ ಸೀರೆ ದೆವ್ವ ಕೇಳಿದರೆ ಸಿಗುತ್ತಿತ್ತು. ಹಾಗೆಂದು ಎಲ್ಲವೂ ಸೀರೆಯ ಮಾತಲ್ಲ. ಬೇವಿನ ಬರಲು, ಮೆಣಸಿನ ಹೊಗೆಯ ಕ್ರೌರ್ಯವೂ ಅಲ್ಲಿತ್ತು. ದೆವ್ವ ಬಿಡಿಸುವ ಹೆಸರಿನ ಹಿಂಸೆಯನ್ನು ಕರ್ನಾಟಕದ 2017ರ ಕಾಯ್ದೆ ಅಪರಾಧವೆಂದು ಸಾರಿದೆ. ನಿಜವಾದ ಕಾಯಿಲೆಯಾದರೆ ಹೋಗಬೇಕಾದದ್ದು ಆಸ್ಪತ್ರೆಗೆ, ಎರಡು ಮಾತಿಲ್ಲ. ಆದರೆ 'ಏನು ಬೇಕು' ಎಂಬ ಪ್ರಶ್ನೆಯನ್ನು ಮಾತ್ರ ಕಾಯ್ದೆಯೂ ಬೇಡವೆನ್ನುವುದಿಲ್ಲ, ಒಳ್ಳೆಯ ಡಾಕ್ಟರೂ ಬೇಡವೆನ್ನುವುದಿಲ್ಲ.

ಅಜ್ಜಿಯನ್ನು ಮೆಚ್ಚಿಸಲಾಗದ ಅವಮಾನಕ್ಕೆ ಮೊಮ್ಮಗ ಅಂತರಜಾಲದಲ್ಲಿ ಹುಡುಕಾಡಿದ. ಹಿಂದಿಯ 'ಗೆಹರಾಯಿ' ಸಿಕ್ಕಿತು. 1980ರ ಚಿತ್ರ. ಅರುಣಾ ರಾಜೆ ಮತ್ತು ವಿಕಾಸ್ ದೇಸಾಯಿ ನಿರ್ದೇಶನ. ಬರವಣಿಗೆಯಲ್ಲಿ ಮರಾಠಿಯ ನಾಟಕಕಾರ ವಿಜಯ್ ತೆಂಡೂಲ್ಕರ್. ಭಾರತದ ಎಕ್ಸಾರ್ಸಿಸ್ಟ್ ಎಂದು ಅದನ್ನು ಕರೆಯುವವರಿದ್ದಾರೆ. "ಅನಂತನಾಗ್ ಇದ್ದಾರೆ ಅಜ್ಜಿ," ಎಂದ ಮೊಮ್ಮಗ. ಅಷ್ಟು ಸಾಕಾಗಿತ್ತು. 1979ರಲ್ಲಿ ಬಂದ 'ನಾ ನಿನ್ನ ಬಿಡಲಾರೆ' ಚಿತ್ರದಲ್ಲಿ ಹೆಣ್ಣು ದೆವ್ವ ಹಿಡಿದ ಗಂಡಸಾಗಿ ಅನಂತನಾಗ್ ನಟಿಸಿದ್ದನ್ನು ಅಜ್ಜಿ ತಿಪಟೂರಿನಲ್ಲಿ ನೋಡಿ ಬಂದು ಮೂರು ರಾತ್ರಿ ದೀಪ ಉರಿಸಿಕೊಂಡೇ ಮಲಗಿದ್ದವರು. ಆ ದೆವ್ವ ಕನ್ನಡದಲ್ಲಿ ಮಾತನಾಡಿತ್ತು, ಅನುವಾದದ ತಡವಿರಲಿಲ್ಲ.

ಹಿಂದಿಯೂ ಅಜ್ಜಿಗೆ ಪರಕೀಯವಲ್ಲ. ಹುಡುಗಿಯಾಗಿದ್ದಾಗ ದಕ್ಷಿಣ ಭಾರತ ಹಿಂದಿ ಪ್ರಚಾರ ಸಭೆಯ 'ಮಧ್ಯಮಾ' ಪರೀಕ್ಷೆಯವರೆಗೆ ಪಾಸು ಮಾಡಿದ್ದರು. ಅಷ್ಟರಲ್ಲಿ ಮದುವೆಯಾಯಿತು. ಆಮೇಲೆ 1987ರಿಂದ ಭಾನುವಾರ ಬೆಳಿಗ್ಗೆ ದೂರದರ್ಶನದಲ್ಲಿ ಬಂದ ರಾಮಾಯಣ, ಅದರ ಬೆನ್ನಿಗೆ ಬಂದ ಮಹಾಭಾರತ ಆ ಹಿಂದಿಗೆ ಮತ್ತೆ ಸಾಣೆ ಹಿಡಿದವು. ಮುಂದಿನ ಶನಿವಾರ ರಾತ್ರಿ ಮೊಮ್ಮಗಳಿಗೆ ಕೆಲಸವಿರಲಿಲ್ಲ.

ಆ ವಾರ ಮನೆಯಲ್ಲಿ ಇನ್ನೊಂದು ವ್ಯವಹಾರವೂ ನಡೆದಿತ್ತು. ತಿಪಟೂರಿನ ಕಡೆ ಅವರಿಗೆ ಎರಡೂವರೆ ಎಕರೆ ತೆಂಗಿನ ತೋಟ. ಬೆಂಗಳೂರಿನಿಂದ ನೋಡಿಕೊಳ್ಳುವುದು ಕಷ್ಟ. ನುಸಿ ಪೀಡೆ, ನೀರಿನ ಅಭಾವ, ಕಾಯಿ ಕೆಡವಲು ಜನವಿಲ್ಲ. ಗೋದಾಮು ಕಟ್ಟುವವರು ಒಳ್ಳೆಯ ಬೆಲೆ ಹೇಳಿದ್ದರು. ಮೊಮ್ಮಗನ ಮುಂದಿನ ಓದು, ಮೊಮ್ಮಗಳ ಕಾಲೇಜು, ಎಲ್ಲಕ್ಕೂ ಆಗುತ್ತಿತ್ತು. ಪಹಣಿಯಲ್ಲಿ ಅಜ್ಜಿಯ ಹೆಸರೂ ಇದ್ದುದರಿಂದ ಮುಂದಿನ ಗುರುವಾರ ಅವರು ಸಬ್‌ರಿಜಿಸ್ಟ್ರಾರ್ ಕಚೇರಿಗೆ ಬಂದು ಸಹಿ ಹಾಕಬೇಕಿತ್ತು. "ಆಗಲಿ," ಎಂದಿದ್ದರು ಅಜ್ಜಿ. ಬೇರೇನೂ ಹೇಳಿರಲಿಲ್ಲ. ಯಾರೂ ಬೇರೇನೂ ಕೇಳಿರಲಿಲ್ಲ.

ಚಿತ್ರದಲ್ಲಿ ಏನಿದೆ ಎಂದು ಮೊಮ್ಮಗನಿಗೆ ಗೊತ್ತಿರಲಿಲ್ಲ. ತೆರೆಯ ಮೇಲೆ ಬೆಂಗಳೂರು ಬಂತು. ಚೆನ್ನಬಸಪ್ಪ ಎಂಬ ದೊಡ್ಡ ಹುದ್ದೆಯ ಮನುಷ್ಯ. ಹೆಂಡತಿ, ಮಗ ನಂದೀಶ, ಮಗಳು ಉಮಾ. ಹೆಸರುಗಳು ಕೇಳಿದ್ದೇ ಅಜ್ಜಿ, "ನಮ್ಮೋರೇ!" ಎಂದರು. ದೇವರು ದಿಂಡರನ್ನು ನಂಬದ ಚೆನ್ನಬಸಪ್ಪ ಹಳ್ಳಿಯಲ್ಲಿದ್ದ ಪಿತ್ರಾರ್ಜಿತ ಜಮೀನನ್ನು ಸಾಬೂನು ಕಾರ್ಖಾನೆಯವರಿಗೆ ಮಾರುತ್ತಾನೆ. ಜಮೀನು ನೋಡಿಕೊಂಡಿದ್ದ ಬಸವ ಬೇಡಿಕೊಳ್ಳುತ್ತಾನೆ, ಮಾರಬೇಡಿ, ಇದು ತಾಯಿ ಎಂದು. ಚೆನ್ನಬಸಪ್ಪ ಕೇಳುವುದಿಲ್ಲ.

ಆ ಹೊತ್ತಿಗೆ ನಡುಮನೆಯಲ್ಲಿ ಗಡಿಯಾರದ ಸದ್ದು ಕೇಳಿಸುವಷ್ಟು ಮೌನ. ರಿಮೋಟು ಮೊಮ್ಮಗನ ಕೈಯಲ್ಲಿತ್ತು; ಅಪ್ಪನ ಮುಖ ನೋಡಿದ. ಅಪ್ಪ ಫ್ಯಾನು ನೋಡುತ್ತಿರಲಿಲ್ಲ, ತೆರೆ ನೋಡುತ್ತಿದ್ದರು.

ಚೆನ್ನಬಸಪ್ಪನ ಪಾತ್ರ ಮಾಡಿದವರು ಡಾ. ಶ್ರೀರಾಮ್ ಲಾಗೂ. ನಿಜ ಜೀವನದಲ್ಲಿ ಕಿವಿ, ಮೂಗು, ಗಂಟಲಿನ ಶಸ್ತ್ರವೈದ್ಯರು. ದೇವರನ್ನು ನಿವೃತ್ತಿಗೊಳಿಸುವ ಕಾಲ ಬಂದಿದೆ ಎಂದು ಬರೆದು ಸುದ್ದಿಯಾದ ವಿಚಾರವಾದಿ. 2019ರಲ್ಲಿ ತೀರಿಕೊಳ್ಳುವವರೆಗೂ ತಮ್ಮ ನಿಲುವಿನಿಂದ ಕದಲದವರು. ಅಂಥವರು ದೆವ್ವದ ಚಿತ್ರದಲ್ಲಿ ಯಾಕೆ ನಟಿಸಿದರು ಎಂದರೆ, ಆ ಚಿತ್ರ ನೋಡಿದರೆ ತಿಳಿಯುತ್ತದೆ. ಮಗಳಿಗೆ ಕಾಯಿಲೆ ಎಂದು ಅವರು ಮೊದಲು ಡಾಕ್ಟರನ್ನು ಕರೆಯುತ್ತಾರೆ, ಇಂಗ್ಲಿಷ್ ಚಿತ್ರದ ತಾಯಿಯಂತೆಯೇ. ಹೆಂಡತಿ ಮಂತ್ರವಾದಿಗಳನ್ನು ಹುಡುಕುತ್ತಾಳೆ. ಅಮರೀಶ್ ಪುರಿ ಮಾಡಿದ ಮಂತ್ರವಾದಿಯಂತೂ ಹಿಡಿದ ದೆವ್ವಕ್ಕಿಂತ ಅಪಾಯಕಾರಿ. ಇಷ್ಟೆಲ್ಲದರ ನಡುವೆ ಪದ್ಮಿನಿ ಕೊಲ್ಹಾಪುರೆ ಎಂಬ ಹದಿಹರೆಯದ ಹುಡುಗಿ, ಉಮಾಳಾಗಿ, ಅಪ್ಪನ ಮುಖ ನೋಡುತ್ತ ಬಸವನ ಹೆಂಡತಿಯ ವಿಷಯ ತೆಗೆಯುತ್ತಾಳೆ. ಹಿಂದೊಮ್ಮೆ ಚೆನ್ನಬಸಪ್ಪ ಆಕೆಗೆ ಮಾಡಿದ್ದ, ಮನೆಯಲ್ಲಿ ಯಾರಿಗೂ ಗೊತ್ತಿಲ್ಲದ ಅನ್ಯಾಯ ಅದು. ವಾಂತಿಯಿಲ್ಲ, ಹಾರುವ ಮಂಚವಿಲ್ಲ. ಮಗಳ ಬಾಯಿಂದ ಅಪ್ಪನ ಲೆಕ್ಕ.

ಇಂಗ್ಲಿಷ್ ದೆವ್ವ ಮರಳುಗಾಡಿನಿಂದ ಬಂದದ್ದು. ಆ ಮನೆಗೂ ಅದಕ್ಕೂ ಲೇವಾದೇವಿಯಿರಲಿಲ್ಲ. ಸಿಡಿಲಿನ ಹಾಗೆ, ಯಾರ ಮೇಲಾದರೂ ಬೀಳಬಹುದಾಗಿತ್ತು. ಆ ಭಯ ದೊಡ್ಡದೇ. ಆದರೆ ಚಿತ್ರ ಮುಗಿದ ಮೇಲೆ ಬಟಾಣಿ ಸಾಗಿನ ಮಾತಾಡಿಕೊಂಡು ಊಟಕ್ಕೆ ಕೂರಬಹುದು. ಹಿಂದಿಯದು ಸಾಲ ಕೇಳಲು ಬಂದ ದೆವ್ವ. ಸಾಲ ಕೊಟ್ಟವನ ದನಿ ಎಷ್ಟು ಮೆತ್ತಗಿದ್ದರೂ ಕೇಳುವವನ ಎದೆ ಹೊಡೆದುಕೊಳ್ಳುತ್ತದೆ. ಬಾಗಿಲ ಮೇಲೆ 'ನಾಳೆ ಬಾ' ಎಂದು ಬರೆಯುವುದು ಇಂಥವರಿಗೇ.

ಚಿತ್ರ ಮುಗಿದಾಗ ಹೇಗಿತ್ತು ಎಂದು ಮೊಮ್ಮಗ ಕೇಳಲಿಲ್ಲ. ಸೊಸೆ ಎದ್ದು, "ಅತ್ತೆ, ಹಾಲು ಬಿಸಿ ಮಾಡ್ಲಾ?" ಎಂದರು. ಅಜ್ಜಿ ಬೇಡವೆಂದರು. ಸ್ವಲ್ಪ ಹೊತ್ತಾದ ಮೇಲೆ ಮಗನ ಕಡೆ ತಿರುಗಿ, ಮೆಲ್ಲಗೆ, "ತೋಟದೋನಿಗೆ ಹೇಳಿದ್ದೀಯಾ?" ಎಂದರು.

"ಹೇಳಿದ್ದೀನಮ್ಮ. ಮಾರ್ತಾ ಇದ್ದೀವಿ ಅಂತ ಫೋನ್ ಮಾಡಿದ್ದೆ."

"ಹೇಳಿದ್ದು ಸರಿ. ಕೇಳಿದ್ದೀಯಾ?"

ತೋಟ ನೋಡಿಕೊಳ್ಳುವವನಿಗೆ ಎಪ್ಪತ್ತರ ಹತ್ತಿರ ವಯಸ್ಸು. ನಲವತ್ತು ವರ್ಷದಿಂದ ತೋಟದ ಅಂಚಿನ ಎರಡು ಅಂಕಣದ ಮನೆಯಲ್ಲಿದ್ದಾನೆ. ಈಗ ಫಲ ಕೊಡುತ್ತಿರುವ ಮರಗಳಲ್ಲಿ ಅರ್ಧಕ್ಕರ್ಧ ಅವನು ಗುಂಡಿ ತೋಡಿ ನೆಟ್ಟು, ಬೇಸಿಗೆಯಲ್ಲಿ ಕೊಡ ಹೊತ್ತು ನೀರು ಹಾಕಿದವು. ಅವನ ಹೆಂಡತಿ ತೀರಿಕೊಂಡಾಗ ಅಜ್ಜಿಯ ಗಂಡನೇ ಮುಂದೆ ನಿಂತು, ತೋಟದ ಮೂಲೆಯಲ್ಲಿ ಮಣ್ಣು ಮಾಡಿಸಿದ್ದರು. ಗೋದಾಮಿನ ನಕಾಶೆಯಲ್ಲಿ ಆ ಮೂಲೆ ಲಾರಿ ನಿಲ್ಲುವ ಜಾಗ.

"ಈ ಮನೆಯಲ್ಲಿ ಯಾರೂ ಯಾರಿಗೂ ಅನ್ಯಾಯ ಮಾಡಿಲ್ಲಮ್ಮ," ಎಂದರು ಮಗ. ದನಿ ಸ್ವಲ್ಪ ಏರಿತ್ತು. "ಸಿನಿಮಾ ನೋಡಿ ಹೆದರಿಕೊಂಡು ತೋಟ ಮಾರೋದು ಬಿಡೋಕಾಗುತ್ತಾ?"

"ನಾನೆಲ್ಲಿ ಹೆದರಿದ್ದೀನಿ? ಬದುಕಿರೋರು ದೆವ್ವ ಆಗಲ್ಲ ಕಣಪ್ಪ. ಬದುಕಿದ್ದಾಗಲೇ ಕೇಳಿಬಿಟ್ಟರೆ ಆಯ್ತಲ್ಲ, ಏನು ಬೇಕು ಅಂತ," ಎಂದರು ಅಜ್ಜಿ.

ಮಗ ಉತ್ತರ ಕೊಡಲಿಲ್ಲ. ಲೆಕ್ಕಪತ್ರದ ಪ್ರಕಾರ ಅವರ ತಪ್ಪೇನೂ ಇರಲಿಲ್ಲ. ಸಂಬಳ ಬಾಕಿ ಉಳಿಸಿಕೊಂಡವರಲ್ಲ, ಹಬ್ಬಕ್ಕೆ ಬಟ್ಟೆ ತಪ್ಪಿಸಿದವರಲ್ಲ. ಚೆನ್ನಬಸಪ್ಪನ ಜೊತೆ ತಮ್ಮನ್ನು ಇಟ್ಟು ನೋಡಿದ್ದಕ್ಕೆ ಅವರಿಗೆ ಬೇಸರವಾಗಿದ್ದರೆ ಅದು ಸಹಜವೇ. ಆ ರಾತ್ರಿ ಅವರ ಕೋಣೆಯ ದೀಪ ಬಹಳ ಹೊತ್ತು ಉರಿಯುತ್ತಿತ್ತು. ದೆವ್ವದ ಭಯಕ್ಕಂತೂ ಅಲ್ಲ.

ಭಾನುವಾರ ಬೆಳಿಗ್ಗೆ ಆರು ಗಂಟೆಯ ಬಸ್ಸಿಗೆ ಅವರು ತಿಪಟೂರಿಗೆ ಹೊರಟರು. ಮೊಮ್ಮಗನೂ ಜೊತೆಗೆ ಹೋದ. ಅಲ್ಲಿ ದೊಡ್ಡ ಮಾತುಕತೆಯೇನೂ ಆಗಲಿಲ್ಲವಂತೆ. ತೋಟದವನು ಎರಡು ಎಳನೀರು ಕೆತ್ತಿ ಕೊಟ್ಟು, ನೆಲದ ಮೇಲೆ ಕುಕ್ಕರಗಾಲಲ್ಲಿ ಕೂತ. ಏನು ಬೇಕು ಎಂದು ಕೇಳಿದಾಗ ಮೊದಲು ಏನೂ ಬೇಡವೆಂದ. ಎರಡನೆಯ ಸಲ ಕೇಳಿದಾಗಲೂ ಬೇಡವೆಂದ. ಮೂರನೆಯ ಸಲ ಕೇಳಿದಾಗ, ಆ ಮೂಲೆಯೊಂದು ಉಳಿದರೆ ಸಾಕಿತ್ತು ಎಂದ. ಇನ್ನೊಂದು ಮಾತು ಸೇರಿಸಿದ: "ಫೋನಲ್ಲಿ ಹೇಳಿದಾಗ ಯಾರೋ ಬೇರೆಯೋರು ಮಾತಾಡಿದಂಗಿತ್ತು ಬುದ್ಧಿ. ನಿಮ್ ದನಿ ಅನ್ನಿಸಲೇ ಇಲ್ಲ."

ಗುರುವಾರದ ನೋಂದಣಿ ನಡೆಯಲಿಲ್ಲ. ಕೊಳ್ಳುವವರು ಒಂದಿಷ್ಟು ಕೂಗಾಡಿದರು, ಬೆಲೆಯಲ್ಲಿ ಒಂದಿಷ್ಟು ಇಳಿಸಿದರು. ಸರ್ವೆಯವರು ಬಂದು ಪೋಡಿಗೆ ಅಳೆದು ಹೋದರು. ಮನೆಯೂ ಮೂಲೆಯೂ ಸೇರಿ ಇಪ್ಪತ್ತು ಗುಂಟೆ ಬಿಟ್ಟು, ಉಳಿದ ಎರಡು ಎಕರೆ ಮಾರಾಟವಾಗುವಷ್ಟರಲ್ಲಿ ಐದು ತಿಂಗಳು ಕಳೆಯಿತು. ಅಜ್ಜಿ ತಿಪಟೂರಿಗೆ ಹೋಗಿ ಎರಡು ಕಡೆ ಸಹಿ ಹಾಕಿದರು: ಮಾರಾಟದ ಪತ್ರಕ್ಕೊಂದು, ಇಪ್ಪತ್ತು ಗುಂಟೆಯನ್ನು ತೋಟದವನ ಹೆಸರಿಗೆ ಮಾಡಿದ ದಾನಪತ್ರಕ್ಕೊಂದು. ಇಳಿದ ಬೆಲೆಯಿಂದ ಮೊಮ್ಮಗನ ಓದಿಗೆ ಬ್ಯಾಂಕಿನ ಸಾಲ ತೆಗೆಯಬೇಕಾಯಿತು. ಅದರ ಬಗ್ಗೆ ಸೊಸೆ ಆಗಾಗ ಗೊಣಗುವುದುಂಟು. ಅವರ ಗೊಣಗಿನಲ್ಲೂ ನ್ಯಾಯವಿದೆ.

ಮೊಮ್ಮಗ ಈಗ 2000ದ ಆವೃತ್ತಿಯ 'ಎಕ್ಸಾರ್ಸಿಸ್ಟ್' ಹುಡುಕಿ ಇಟ್ಟುಕೊಂಡಿದ್ದಾನೆ, ಮೆಟ್ಟಿಲ ಮೇಲಿನ ಮಾತುಕತೆ ಇರುವುದನ್ನು. ಅಜ್ಜಿಗೆ ಉತ್ತರ ತೋರಿಸಬೇಕಂತೆ. ಮೊಮ್ಮಗಳು ಈ ಸಲ ಅನುವಾದಕ್ಕೆ ಕೂಲಿ ಕೇಳಿದ್ದಾಳೆ.